ಮೂರು ಸೆಂಟ್ಸ್ ದಾರಿಗೆ ಎರಡು ಪಟ್ಟು ಬೆಲೆ ಕೊಡುತ್ತೇನೆಂದರೂ ಅಣ್ಣ ಒಪ್ಪುವುದಿಲ್ಲ, ಯಾಕೆ?

ಪ್ರಶ್ನೆ: ಮೂವತ್ತು ವರ್ಷ ಮುಂಬೈಯಲ್ಲಿ ದುಡಿದು ಈಗ ಬ್ರಹ್ಮಾವರದ ಹತ್ತಿರದ ನಮ್ಮ ಊರಿಗೆ ಮರಳಿದ್ದೇನೆ. ತಾಯಿ ತೀರಿಕೊಂಡ ಮೇಲೆ, 15 ವರ್ಷಗಳ ಹಿಂದೆ, ಪಾಲುಪಟ್ಟಿಯಾಗಿ ಎದುರಿನ ಮನೆ, ಅಂಗಳ, ತೋಟ ಅಣ್ಣನಿಗೂ ಹಿಂಬದಿಯ ಗುಡ್ಡೆ ಜಾಗ ನನಗೂ ಬಂದವು. ಅಕ್ಕ ತನ್ನ ಪಾಲನ್ನು ಹಣವಾಗಿ ಪಡೆದರು. ನನ್ನ ಜಾಗಕ್ಕೆ ಅಣ್ಣನ ಅಂಗಳದ ಬದಿಯಿಂದ ಕಾಲುದಾರಿಯಷ್ಟೇ ಇದೆ. ಮನೆ ಕಟ್ಟಬೇಕಾದರೆ ಲಾರಿ ಹೋಗುವಷ್ಟು ಅಗಲ ಬೇಕು. ಅದಕ್ಕೆ ತಗಲುವುದು ಹೆಚ್ಚೆಂದರೆ ಮೂರು ಸೆಂಟ್ಸ್. ಮಾರುಕಟ್ಟೆ ದರದ ಎರಡು ಪಟ್ಟು ಕೊಡುತ್ತೇನೆಂದು ವಕೀಲರ ಮೂಲಕ ತಿಳಿಸಿದೆ. ಅಣ್ಣ ಉತ್ತರ ಕೊಡಲಿಲ್ಲ, ಕೆಂಪುಕಲ್ಲು ತರಿಸಿ ಪಾಗಾರ ಎಬ್ಬಿಸಲು ಹೊರಟರು. ಈಗ ವ್ಯಾಜ್ಯ ಕೋರ್ಟಿನಲ್ಲಿದೆ. ಅವರಿಗೆ ದುಡ್ಡು ಬೇಡವೆಂದೇನಿಲ್ಲ, ಸೊಸೈಟಿಯಲ್ಲಿ ಸಾಲವಿದೆ. ಕಳೆದ ವರ್ಷ ಕುಟುಂಬದ ನಾಗಬನದ ಜೀರ್ಣೋದ್ಧಾರವನ್ನು ಪೂರ್ತಿಯಾಗಿ ನನ್ನ ಖರ್ಚಿನಲ್ಲೇ ಮಾಡಿಸಿದೆ, ಅವರಿಂದ ಒಂದು ರೂಪಾಯಿ ಕೇಳಲಿಲ್ಲ. ಆ ದಿನ ಬಂದವರು ಊಟ ಮಾಡದೆ ಹೋದರು. ಮನುಷ್ಯನ ಮೂಲಭೂತ ಅಗತ್ಯಗಳು ಈಡೇರದಿದ್ದಾಗ ಸಂಘರ್ಷ ಹುಟ್ಟುತ್ತದೆ ಎಂದು ಎಲ್ಲೋ ಓದಿದ್ದೇನೆ. ಉಣ್ಣುವುದಕ್ಕೆ, ಉಡುವುದಕ್ಕೆ ಕೊರತೆಯಿಲ್ಲದ ಅಣ್ಣನಿಗೆ ಇಲ್ಲಿ ಈಡೇರದ ಅಗತ್ಯ ಯಾವುದು? ಇದನ್ನು ಬಗೆಹರಿಸಲು ಸಾಧ್ಯವೇ?
– ಉಡುಪಿ ಜಿಲ್ಲೆಯ ಓದುಗರು

ಉತ್ತರ: ನಿಮ್ಮ ಪತ್ರವನ್ನು ನಾನು ಮೂರು ಸಲ ಓದಿದೆ. ಮೊದಲ ಎರಡು ಸಲ ನನ್ನ ಗಮನವೂ ನಿಮ್ಮ ಹಾಗೆಯೇ ದಾರಿಯ ಅಗಲ, ಸೆಂಟ್ಸಿನ ದರ, ಪಾಗಾರ ಇವುಗಳ ಮೇಲೆಯೇ ಇತ್ತು. ಮೂರನೆಯ ಸಲ ಓದುವಾಗ, ನಿಮ್ಮ ಔದಾರ್ಯಕ್ಕೆ ಸಾಕ್ಷಿಯಾಗಿ ನೀವು ಬರೆದ ನಾಗಬನದ ಸಾಲಿನಲ್ಲಿ ಕಣ್ಣು ನಿಂತಿತು. ಊಟ ಮಾಡದೆ ಹೋದವರು ಏನನ್ನೋ ಹೇಳಿಯೇ ಹೋಗಿದ್ದಾರೆ ಎಂಬುದನ್ನು ನಮ್ಮ ಊರಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಆದರೆ ಆ ಸಾಲಿಗೆ ಬರುವ ಮೊದಲು, ನೀವು ಓದಿದ ವಿಚಾರವನ್ನು ಸ್ವಲ್ಪ ತಿದ್ದಬೇಕಾಗಿದೆ. ನಿಮ್ಮ ಪ್ರಶ್ನೆಯಲ್ಲಿ 'ಮೂಲಭೂತ ಅಗತ್ಯ'ವೆಂದರೆ ಉಣ್ಣುವುದು ಮತ್ತು ಉಡುವುದು ಎಂಬ ಎಣಿಕೆ ಅಡಗಿದೆ, ತೊಡಕು ಇರುವುದೂ ಅಲ್ಲಿಯೇ.

ಈ ಎಣಿಕೆ ನಮ್ಮಲ್ಲಿ ಬೇರೂರಿದ್ದು ಅಮೆರಿಕದ ಮನೋವಿಜ್ಞಾನಿ ಅಬ್ರಹಾಂ ಮಾಸ್ಲೋ 1943ರಲ್ಲಿ ಪ್ರಕಟಿಸಿದ ಒಂದು ಪ್ರಬಂಧದಿಂದ. ಮೊದಲು ದೇಹದ ಅಗತ್ಯ, ಆಮೇಲೆ ಭದ್ರತೆ, ಅದರ ಮೇಲೆ ಪ್ರೀತಿ, ಮನ್ನಣೆ ಎಂದು ಮೆಟ್ಟಿಲು ಮೆಟ್ಟಿಲಾಗಿ ಅವರು ಹೇಳಿದ್ದನ್ನು ಬಿ.ಎಡ್. ತರಗತಿಗಳಲ್ಲಿಯೂ ಕಂಪನಿಗಳ ತರಬೇತಿಗಳಲ್ಲಿಯೂ ಒಂದು ತ್ರಿಕೋನದ ಚಿತ್ರವಾಗಿ ಬರೆದು ತೋರಿಸುತ್ತಾರೆ. ಆ ತ್ರಿಕೋನ ಮೂಲ ಪ್ರಬಂಧದಲ್ಲಿ ಇಲ್ಲ, ಮುಂದಿನವರು ಸೇರಿಸಿದ್ದು. ಚಿತ್ರವನ್ನು ನಂಬಿದವರು ಹೊಟ್ಟೆ ತುಂಬಿದ ಮೇಲೆಯೇ ಮನುಷ್ಯನಿಗೆ ಮಾನದ ಚಿಂತೆ ಎಂದು ತಿಳಿಯುತ್ತಾರೆ. ಕೂಲಿ ಕೆಲಸದವನೊಬ್ಬ ಧಣಿಯ ಒಂದು ಮಾತಿಗೆ ಆ ದಿನದ ಸಂಬಳವನ್ನೇ ಬಿಟ್ಟು ಎದ್ದುಹೋಗುವುದನ್ನು ಕಂಡವರು ಯಾರೂ ಇದನ್ನು ಒಪ್ಪಲಾರರು.

ಸಂಘರ್ಷದ ಅಧ್ಯಯನಕ್ಕೆ ಅಗತ್ಯಗಳ ವಿಚಾರವನ್ನು ಗಟ್ಟಿಯಾಗಿ ತಂದವರು ಆಸ್ಟ್ರೇಲಿಯಾದ ಜಾನ್ ಬರ್ಟನ್. ಅವರು ಮೊದಲಿಗೆ ಪ್ರಾಧ್ಯಾಪಕರಾಗಿರಲಿಲ್ಲ. 1947ರಿಂದ 1950ರವರೆಗೆ ತಮ್ಮ ದೇಶದ ವಿದೇಶಾಂಗ ಇಲಾಖೆಯ ಕಾರ್ಯದರ್ಶಿಯಾಗಿದ್ದು, ದೇಶದೇಶಗಳ ನಡುವಿನ ಚೌಕಾಶಿಯನ್ನು ಹತ್ತಿರದಿಂದ ಕಂಡವರು. ಮುಂದೆ ಲಂಡನ್ನಿನಲ್ಲಿ ಪಾಠ ಹೇಳುತ್ತಾ, ಅನಂತರ ಅಮೆರಿಕದಲ್ಲಿ ಬರೆಯುತ್ತಾ ಅವರು ತಳೆದ ನಿಲುವು ಸ್ಥೂಲವಾಗಿ ಹೀಗಿದೆ: ಭದ್ರತೆ, ಗುರುತು, ಮನ್ನಣೆ, ನ್ಯಾಯ, ತನ್ನ ಬದುಕಿನ ಮೇಲೆ ತನಗೊಂದು ಹಿಡಿತ, ಇವು ಹಸಿವಿನಷ್ಟೇ ಮೂಲದವು, ಇವುಗಳಲ್ಲಿ ಮೇಲಿನ ಮೆಟ್ಟಿಲು, ಕೆಳಗಿನ ಮೆಟ್ಟಿಲು ಎಂಬುದಿಲ್ಲ, ಎಲ್ಲವೂ ಏಕಕಾಲಕ್ಕೆ ಬೇಕು, ಇವನ್ನು ಅದುಮಿಟ್ಟರೆ ಮನುಷ್ಯರು ನಷ್ಟವನ್ನೂ ಶಿಕ್ಷೆಯನ್ನೂ ಲೆಕ್ಕಿಸದೆ ತಿರುಗಿಬೀಳುತ್ತಾರೆ. ಅದಕ್ಕಾಗಿಯೇ ಅವರು ತಕರಾರು, ಸಂಘರ್ಷ ಎಂಬ ಎರಡು ಪದಗಳನ್ನು ಬೇರೆ ಬೇರೆಯಾಗಿ ಬಳಸಿದರು. ಜಾಗದ ಹದ್ದು, ಕೂಲಿಯ ದರ, ಬಾಡಿಗೆ, ಪರಿಹಾರದ ಮೊತ್ತ ಇಂಥವುಗಳ ಮೇಲಿನ ತಕರಾರಿನಲ್ಲಿ ಹೆಚ್ಚುಕಡಿಮೆ ಮಾಡಿಕೊಳ್ಳಬಹುದು, ಅಲ್ಲಿ ಚೌಕಾಶಿ ಸಲ್ಲುತ್ತದೆ. ಅಗತ್ಯಗಳ ಮೇಲಿನ ಸಂಘರ್ಷದಲ್ಲಿ ಚೌಕಾಶಿಗೆ ಎಡೆಯಿಲ್ಲ. 'ನೀನು ಈ ಮನೆಯ ಹಿರಿಯನೆಂಬುದನ್ನು ಬಿಟ್ಟುಕೊಡು, ಇಷ್ಟು ಲಕ್ಷ ಕೊಡುತ್ತೇನೆ' ಎಂದು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಆದರೆ ಬಾಯಿಬಿಟ್ಟು ಹೇಳಿದ ಬೇರೆ ಮಾತು ಎದುರಿನವರ ಕಿವಿಗೆ ಹೀಗೆಯೇ ಕೇಳಿಸಿದರೆ, ಮೊತ್ತ ದೊಡ್ಡದಾದಷ್ಟೂ ಅವಮಾನ ದೊಡ್ಡದಾಗುತ್ತದೆ. ನಿಮ್ಮ ಎರಡು ಪಟ್ಟು ಬೆಲೆ ಯಾಕೆ ಕೆಲಸ ಮಾಡಲಿಲ್ಲ ಎಂಬುದಕ್ಕೆ ನನ್ನ ಉತ್ತರ ಇಷ್ಟೇ. ಮೂರು ಪಟ್ಟು ಎಂದಿದ್ದರೆ ಪಾಗಾರ ಇನ್ನೂ ಬೇಗ ಏಳುತ್ತಿತ್ತು.

ಇದೇ ವಿಚಾರದ ಇನ್ನೊಂದು ಮುಖ ಸ್ವಲ್ಪ ಸಮಾಧಾನ ಕೊಡುವಂಥದ್ದು. ಮೂರು ಸೆಂಟ್ಸ್ ಜಾಗ ಒಬ್ಬರಿಗೆ ಹೋದರೆ ಇನ್ನೊಬ್ಬರಿಗೆ ಮೂರು ಸೆಂಟ್ಸ್ ಕಡಿಮೆಯಾಗುತ್ತದೆ. ಮನ್ನಣೆ ಹಾಗಲ್ಲ. ಅಣ್ಣನನ್ನು ಹಿರಿಯರೆಂದು ನಡೆಸಿಕೊಂಡರೆ ನಿಮ್ಮ ಗೌರವದಲ್ಲಿ ಒಂದು ಗುಂಜಿಯೂ ಕಡಿಮೆಯಾಗುವುದಿಲ್ಲ, ಅವರಿಗೆ ಭಯವಿಲ್ಲದಂತಾದರೆ ನಿಮ್ಮ ಭದ್ರತೆ ಹೆಚ್ಚುತ್ತದೆಯೇ ಹೊರತು ಕುಗ್ಗುವುದಿಲ್ಲ. ಚಿಲಿ ದೇಶದ ಅರ್ಥಶಾಸ್ತ್ರಜ್ಞ ಮ್ಯಾನ್‌ಫ್ರೆಡ್ ಮ್ಯಾಕ್ಸ್‌ನೀಫ್ ಇದಕ್ಕೊಂದು ಉಪಯುಕ್ತ ವಿಂಗಡಣೆ ಮಾಡಿಕೊಟ್ಟಿದ್ದಾರೆ: ಅಗತ್ಯ ಬೇರೆ, ಅದನ್ನು ಈಡೇರಿಸುವ ಬಗೆ ಬೇರೆ. ಅಗತ್ಯಗಳು ಕೆಲವೇ, ಎಲ್ಲ ಕಾಲಕ್ಕೂ ಎಲ್ಲ ನಾಡಿಗೂ ಹೆಚ್ಚುಕಡಿಮೆ ಒಂದೇ, ಅವರ ಲೆಕ್ಕದಲ್ಲಿ ಒಂಬತ್ತು. ಈಡೇರಿಸುವ ಬಗೆಗಳು ಮಾತ್ರ ಊರಿಂದ ಊರಿಗೆ, ಮನೆಯಿಂದ ಮನೆಗೆ ಬೇರೆ. ಜಗಳವಾಡುವವರು ಒಂದು ಬಗೆಯನ್ನೇ ಅಗತ್ಯವೆಂದು ಹಿಡಿದು ಕುಳಿತಿರುತ್ತಾರೆ. ನಿಮ್ಮ ಪ್ರಕರಣದಲ್ಲಿ ಅಣ್ಣ ಹಿಡಿದಿರುವುದು ಪಾಗಾರವನ್ನು, ನೀವು ಹಿಡಿದಿರುವುದು ಕ್ರಯಪತ್ರವನ್ನು.

ದಾರಿಯ ಜಗಳವೆಂದಾಗ ನನಗೆ ನೆನಪಾಗುವುದು ಉತ್ತರ ಐರ್ಲೆಂಡಿನ ಪೋರ್ಟಡೌನ್ ಎಂಬ ಪಟ್ಟಣ. ಅಲ್ಲಿನ ಆರೆಂಜ್ ಆರ್ಡರ್ ಎಂಬ ಪ್ರಾಟೆಸ್ಟೆಂಟ್ ಸಂಘದವರು ಪ್ರತಿ ಜುಲೈಯಲ್ಲಿ ಡ್ರಮ್‌ಕ್ರೀ ಚರ್ಚಿಗೆ ಮೆರವಣಿಗೆಯಲ್ಲಿ ಹೋಗಿ, ಗಾರ್ವಾಘಿ ರಸ್ತೆಯ ಮೂಲಕ ಊರಿಗೆ ಮರಳುತ್ತಿದ್ದರು. ಆ ರಸ್ತೆಯ ಇಕ್ಕೆಲಗಳಲ್ಲಿ ಇರುವವರು ಬಹುತೇಕ ಕ್ಯಾಥೊಲಿಕರು. ತಮ್ಮನ್ನು ಅಡಿಯಾಳಾಗಿಟ್ಟಿದ್ದವರ ವಿಜಯೋತ್ಸವ ಮನೆಬಾಗಿಲಲ್ಲೇ ಹಾದುಹೋಗುತ್ತಿದೆ ಎಂದು ಅವರಿಗೆ ಅನ್ನಿಸುತ್ತಿತ್ತು. 1995ರಿಂದ ಮೂರು ನಾಲ್ಕು ವರ್ಷ, ಪ್ರತಿ ಜುಲೈ ಬಂತೆಂದರೆ ಪೊಲೀಸರು, ಸೈನ್ಯ, ಮುಳ್ಳುತಂತಿ, ಕಲ್ಲುತೂರಾಟ. 1998ರಲ್ಲಿ ಮೆರವಣಿಗೆಗಳ ಆಯೋಗ ಆ ರಸ್ತೆಯಲ್ಲಿ ಹೋಗಬಾರದೆಂದು ಆದೇಶಿಸಿತು, ಆಮೇಲೆ ಅವರು ಅಲ್ಲಿ ನಡೆದಿಲ್ಲ. ರಸ್ತೆ ಯಾರಿಗೂ ಆಸ್ತಿಯಾಗಿ ಬೇಕಿರಲಿಲ್ಲ. ಒಬ್ಬರಿಗೆ ಅದು ತಲೆತಲಾಂತರದಿಂದ ಹಿರಿಯರು ನಡೆದ ದಾರಿ, ಇನ್ನೊಬ್ಬರಿಗೆ ತಮ್ಮ ಹೊಸ್ತಿಲು. ಆದೇಶ ಬಂದ ವರ್ಷವೂ ದೊಡ್ಡ ಗಲಭೆಯಾಯಿತು, ಕಲ್ಲುತೂರಾಟ ತಣ್ಣಗಾದದ್ದು ಕೆಲವು ವರ್ಷಗಳ ಮೇಲೆ, ಸಂಘರ್ಷ ಮಾತ್ರ ಬಗೆಹರಿಯಲಿಲ್ಲ. ಒಬ್ಬರ ಅಗತ್ಯವನ್ನು ಕಾಪಾಡಿ ಇನ್ನೊಬ್ಬರದ್ದನ್ನು ಬಾಕಿ ಉಳಿಸಿದ ತೀರ್ಪು ಅದು. ನ್ಯಾಯಾಲಯಗಳ ತೀರ್ಪುಗಳೂ ಬಹಳ ಸಲ ಹೀಗೆಯೇ ಇರುತ್ತವೆ, ತಪ್ಪೆಂದು ಹೇಳುತ್ತಿಲ್ಲ, ಅವುಗಳ ಕೆಲಸವೇ ಅಷ್ಟು.

ಅದೇ ನಾಡಿನಲ್ಲಿ, ಅದೇ 1998ರ ಏಪ್ರಿಲ್ 10ರಂದು ಆದ ಗುಡ್ ಫ್ರೈಡೇ ಒಪ್ಪಂದದಲ್ಲಿ ಇದಕ್ಕೆ ವಿರುದ್ಧವಾದ ಜಾಣ್ಮೆಯೊಂದಿದೆ. ಮೂರು ದಶಕಗಳಲ್ಲಿ ಸುಮಾರು 3,500 ಜೀವಗಳನ್ನು ತೆಗೆದ ಜಗಳ ಮೇಲ್ನೋಟಕ್ಕೆ ಈ ನೆಲ ಬ್ರಿಟನ್ನಿಗೆ ಸೇರಿದ್ದೋ ಐರ್ಲೆಂಡಿಗೆ ಸೇರಿದ್ದೋ ಎಂಬುದು. ನೆಲ ಎರಡೂ ದೇಶಗಳಿಗೆ ಏಕಕಾಲಕ್ಕೆ ಸೇರಲಾರದು. ಆದರೆ ಅಲ್ಲಿನ ಜನ ತಮ್ಮನ್ನು ಐರಿಷ್ ಎಂದಾಗಲಿ, ಬ್ರಿಟಿಷ್ ಎಂದಾಗಲಿ, ಎರಡೂ ಎಂದಾಗಲಿ ಗುರುತಿಸಿಕೊಳ್ಳಬಹುದು, ಬೇಕಿದ್ದರೆ ಎರಡೂ ಪೌರತ್ವಗಳನ್ನು ಇಟ್ಟುಕೊಳ್ಳಬಹುದು ಎಂದು ಒಪ್ಪಂದ ಬರೆಯಿತು. ಒಡೆತನದ ಪ್ರಶ್ನೆಯನ್ನು ಮುಂದಿನ ಜನಮತಕ್ಕೆ ಬಿಟ್ಟು, ಗುರುತಿನ ಪ್ರಶ್ನೆಯನ್ನು ಮೊದಲು ಬಿಡಿಸಿದರು.

ನಮ್ಮ ಕರಾವಳಿಗೆ ಈ ವಿಂಗಡಣೆ ಹೊಸದೇನಲ್ಲ. ನೀವು ತಾಯಿಯ ಕಡೆಯಿಂದ ಆಸ್ತಿ ಬರುವ ಅಳಿಯಸಂತಾನದವರೋ, ತಂದೆಯ ಕಡೆಯಿಂದ ಬರುವ ಮಕ್ಕಳಸಂತಾನದವರೋ ಬರೆದಿಲ್ಲ. ಯಾವುದೇ ಆಗಲಿ, ಅಳಿಯಸಂತಾನದ ಹಳೆಯ ಕುಟುಂಬವನ್ನು ಒಮ್ಮೆ ನೆನೆಯಿರಿ. ಅಲ್ಲಿ ಯಜಮಾನನಾಗಲಿ ಯಜಮಾನ್ತಿಯಾಗಲಿ ಆಸ್ತಿಯ ಒಡೆಯರಾಗಿರಲಿಲ್ಲ, ನಿರ್ವಾಹಕರಾಗಿದ್ದರು. ಆಸ್ತಿ ಇಡೀ ಕುಟುಂಬದ್ದು, ಎಲ್ಲರ ಒಪ್ಪಿಗೆಯಿಲ್ಲದೆ ಪಾಲು ಕೇಳುವಂತೆಯೂ ಇರಲಿಲ್ಲ. 1949ರ ಮದ್ರಾಸ್ ಅಳಿಯಸಂತಾನ ಕಾಯಿದೆ ಬಂದ ಮೇಲೆ ಕವರುಗಳಿಗೆ, ಅಂದರೆ ಕುಟುಂಬದೊಳಗಿನ ತಾಯಿಕವಲುಗಳಿಗೆ, ಪಾಲು ಕೇಳುವ ಹಕ್ಕು ಸಿಕ್ಕಿತು, 1956ರ ಹಿಂದೂ ಉತ್ತರಾಧಿಕಾರ ಕಾಯಿದೆ ಉಳಿದದ್ದನ್ನು ಬದಲಾಯಿಸಿತು. ಈ ಕಾನೂನುಗಳು ಬೇಕಾಗಿದ್ದವು, ಅದರಲ್ಲಿ ನನಗೆ ಸಂದೇಹವಿಲ್ಲ. ಆದರೆ ಅವು ಹಂಚಿದ್ದು ಒಡೆತನವನ್ನು ಮಾತ್ರ. ಯಜಮಾನಿಕೆಯನ್ನು ಯಾವ ಪಾಲುಪಟ್ಟಿಯೂ ಹಂಚಿಲ್ಲ, ಹಂಚಲೂ ಬಾರದು. 1974ರ ಭೂಸುಧಾರಣೆಯ ತಿದ್ದುಪಡಿಯ ಮೇಲೆ ಡಿಕ್ಲರೇಶನ್ ಹಾಕಿದ ಒಕ್ಕಲುಗಳಿಗೆ ಗದ್ದೆಗಳು ಹೋದ ಎಷ್ಟೋ ಗುತ್ತಿನ ಮನೆಗಳಲ್ಲಿ ಇವತ್ತು ಹಿತ್ತಿಲು ಬಿಟ್ಟರೆ ಬೇರೆ ಜಾಗವಿಲ್ಲ. ಆದರೂ ಕೋಲದ ರಾತ್ರಿ ದೈವ ಮೊದಲು ಕರೆಯುವುದು ಆ ಮನೆಯ ಹೆಸರನ್ನೇ. ಬೂಳ್ಯ, ಅಂದರೆ ಮರ್ಯಾದೆಯಾಗಿ ಕೊಡುವ ವೀಳ್ಯ, ಯಾರಿಗೆ ಮೊದಲು, ಯಾರಿಗೆ ಆಮೇಲೆ ಎಂಬ ಮಾತಿನ ಮೇಲೆ ವರ್ಷಗಟ್ಟಲೆ ಮಾತು ಬಿಟ್ಟ ಕುಟುಂಬಗಳು ನಿಮ್ಮ ಊರಿನಲ್ಲಿಯೂ ಇರಬಹುದು. ನಾಲ್ಕು ವೀಳ್ಯದೆಲೆಗೆ ಏನು ಬೆಲೆ ಎಂದು ಅಲ್ಲಿ ಯಾರೂ ಕೇಳುವುದಿಲ್ಲ. ನೀವೂ ಕೇಳುತ್ತಿರಲಿಲ್ಲ, ಅದೇ ಪ್ರಶ್ನೆಯನ್ನು ಮೂರು ಸೆಂಟ್ಸಿನ ಬಗ್ಗೆ ಕೇಳಿದ್ದೀರಿ.

ಈಗ ನಾಗಬನದ ಸಾಲಿಗೆ ಬರೋಣ. ನೀವು ಮುಂಬೈಯಲ್ಲಿದ್ದ ಮೂವತ್ತು ವರ್ಷ ಪ್ರತಿ ನಾಗರಪಂಚಮಿಗೆ ಬನದ ಕಳೆ ತೆಗೆಸಿದವರು, ಭಟ್ಟರಿಗೆ ಹೇಳಿ ಕಳುಹಿಸಿದವರು, ಹಾಲು, ಸೀಯಾಳ ಒಯ್ದು ತನು ಎರೆಯಿಸಿದವರು ಯಾರು? ಜೀರ್ಣೋದ್ಧಾರದ ದಿನ ಸಂಕಲ್ಪಕ್ಕೆ ಕುಳಿತವರು ಯಾರು? ಆಮಂತ್ರಣ ಪತ್ರಿಕೆಯಲ್ಲಿ 'ಸುಖಾಗಮನ ಬಯಸುವ' ಎಂಬ ಮಾತಿನ ಕೆಳಗೆ ಯಾರ ಹೆಸರಿತ್ತು? ಕೆಲಸ ಹಿಡಿಯುವ ಮೊದಲು, ಬನದ ಕಲ್ಲು ಅಲುಗಿಸುವ ಮೊದಲು, ಅಣ್ಣನ ಜಗಲಿಯಲ್ಲಿ ಕುಳಿತು 'ಹೀಗೆ ಮಾಡೋಣವೇ' ಎಂದು ಕೇಳಿದ್ದಿರೇ? ನಿಮ್ಮ ಉತ್ತರಗಳು ನನಗೆ ತಿಳಿಯವು, ಆದರೆ 'ಒಂದು ರೂಪಾಯಿ ಕೇಳಲಿಲ್ಲ' ಎಂದು ನೀವು ಹೆಮ್ಮೆಯಿಂದ ಬರೆದ ರೀತಿ ನೋಡಿದರೆ, ಹಣ ಕೇಳದಿರುವುದರ ಜೊತೆಗೆ ಅಭಿಪ್ರಾಯವನ್ನೂ ಕೇಳಿರಲಿಕ್ಕಿಲ್ಲ ಎಂದು ನನ್ನ ಅಂದಾಜು. ಅಣ್ಣನ ಕಡೆಯಿಂದ ನೋಡಿ: ಮೂವತ್ತು ವರ್ಷ ಸದ್ದಿಲ್ಲದೆ ನಡೆಸಿಕೊಂಡು ಬಂದದ್ದು ಒಂದೇ ದಿನದಲ್ಲಿ, ಊರವರೆಲ್ಲರ ಎದುರಿನಲ್ಲಿ, ಹೊಸ ಗ್ರಾನೈಟ್ ಕಟ್ಟೆಯ ಅಡಿಯಲ್ಲಿ ಮುಚ್ಚಿಹೋಯಿತು. ಅದಾದ ಕೆಲವೇ ತಿಂಗಳಿಗೆ ವಕೀಲರ ಪತ್ರ ಬಂತು, ಅದರಲ್ಲಿಯೂ ಹಣದ ಮಾತು. ಅಣ್ಣ ಓದಿದ್ದು ಎರಡು ಪಟ್ಟು ಬೆಲೆಯನ್ನಲ್ಲ, ಬನದ ಮೇಲೆ ನಡೆದದ್ದು ಅಂಗಳಕ್ಕೂ ಬಂತು ಎಂಬುದನ್ನು.

ಮನ್ನಣೆಯ ಹಿಂದೆ ಭಯವೂ ಇರಬಹುದು, ಇದನ್ನು ಮರೆಯಬೇಡಿ. ಇಂದು ಕಾಲುದಾರಿಯಿರುವ ಗುಡ್ಡೆ ಜಾಗಕ್ಕೆ ಲಾರಿ ಹೋಗುವ ರಸ್ತೆಯಾದರೆ ಅದರ ಬೆಲೆ ಏರುತ್ತದೆ. ತಮ್ಮ ಮನೆ ಕಟ್ಟುತ್ತಾನೋ, ಲೇಔಟ್ ಮಾಡಿ ಹೊರಗಿನವರಿಗೆ ಮಾರುತ್ತಾನೋ, ನಾಳೆ ತಮ್ಮನ ಮಕ್ಕಳು ಇಲ್ಲಿರುತ್ತಾರೋ, ಅಪರಿಚಿತರ ಕಾರುಗಳು ತುಳಸಿಕಟ್ಟೆಯ ಬದಿಯಲ್ಲೇ ಓಡಾಡುವ ದಿನ ಬರುತ್ತದೋ ಎಂದು ವಯಸ್ಸಾಗುತ್ತಿರುವ ಒಬ್ಬ ಮನುಷ್ಯ ಯೋಚಿಸಿದರೆ ಅದು ಹಟವೆನ್ನಿಸಿಕೊಳ್ಳದು. ಅದು ತನ್ನ ಮನೆಯ ಸುತ್ತಲಿನ ಮೇಲೆ ಹಿಡಿತ ಬೇಕೆಂಬ ಅಗತ್ಯ, ಬರ್ಟನ್ ಪಟ್ಟಿಯಲ್ಲಿರುವಂಥದ್ದೇ.

ವಕೀಲಿಯಿಂದ ಮಧ್ಯಸ್ಥಿಕೆಯ ಕಡೆಗೆ ಬಂದ ಮೇಲೆ ಮಂಗಳೂರಿನಲ್ಲಿ ನಾನು ಕುಳಿತ ಒಂದು ಪ್ರಕರಣ ಹೇಳುತ್ತೇನೆ, ಗುರುತು ಹತ್ತದಂತೆ ವಿವರ ಬದಲಾಯಿಸಿದ್ದೇನೆ. ದಾಯಾದಿಗಳಿಬ್ಬರ ನಡುವೆ ಒಂದು ಬಾವಿಯ ವ್ಯಾಜ್ಯ. ಅರ್ಧ ಹಕ್ಕು ಕೇಳುತ್ತಿದ್ದವರಿಗೆ ಸ್ವಂತ ಬೋರ್‌ವೆಲ್ ಇತ್ತು, ಪಂಚಾಯತಿನ ನಳ್ಳಿಯೂ ಇತ್ತು. ಎರಡು ಸಲ ಕುಳಿತಾಗಲೂ ಪಂಪಿನ ಎಚ್‌ಪಿ, ನೀರೆತ್ತುವ ಹೊತ್ತು, ಕರೆಂಟ್ ಬಿಲ್ಲು ಇವುಗಳ ಬಗ್ಗೆಯೇ ಮಾತಾಗಿ ಎದ್ದರು. ಮೂರನೆಯ ಸಲ ನಾನು ಅವರೊಬ್ಬರನ್ನೇ ಕೂರಿಸಿಕೊಂಡು, 'ಆ ಬಾವಿ ತೋಡಿದ ವರ್ಷ ನಿಮಗೆ ನೆನಪಿದೆಯೇ' ಎಂದು ಸುಮ್ಮನೆ ಕೇಳಿದೆ. ಅವರು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಬೆರಳಿನಿಂದ ಮೇಜಿನ ಮೇಲೆ ಒಂದು ಚೌಕ ಬರೆದು, 'ಕಟ್ಟೆಯ ಸಿಮೆಂಟಿನಲ್ಲಿ ಇಲ್ಲಿ 1968 ಎಂದು ಇದೆ, ಕೆಳಗೆ ಅವರ ಅಪ್ಪನ ಹೆಸರಿದೆ. ಕಲ್ಲು ಹೊತ್ತದ್ದು ನನ್ನಪ್ಪ' ಎಂದರು. ಅರುವತ್ತು ದಾಟಿದ ಮನುಷ್ಯ, ಕಣ್ಣು ಒರೆಸಿಕೊಳ್ಳಲು ಮುಖ ತಿರುಗಿಸಿದರು. ಎದುರು ಪಕ್ಷದವರಿಗೆ ಇದು ಗೊತ್ತೇ ಇರಲಿಲ್ಲ. ಕಟ್ಟೆಯಲ್ಲಿ ಎರಡನೆಯ ಹೆಸರು ಬರೆಸುವುದಕ್ಕೆ ಅವರು ಅಲ್ಲಿಯೇ ಒಪ್ಪಿದರು, ನೀರಿನ ಅರ್ಧ ಹಕ್ಕಿನ ಬೇಡಿಕೆ ಅದೇ ವಾರ ಕರಗಿತು. ಕರೆಂಟ್ ಬಿಲ್ಲಿನ ಜಗಳ ಮಾತ್ರ ಕರಗಲಿಲ್ಲ. ಆರು ತಿಂಗಳ ಮೇಲೆ ಅದಕ್ಕಾಗಿಯೇ ಇಬ್ಬರೂ ಮತ್ತೆ ಬಂದರು. ಬಿಲ್ಲು ಹಂಚುವುದು ನಿಜವಾಗಿಯೂ ಹಣದ ಪ್ರಶ್ನೆಯಾಗಿತ್ತು, ಅದನ್ನು ಲೆಕ್ಕ ಹಾಕಿ ಮುಗಿಸಿದೆವು.

ಆ ಕರೆಂಟ್ ಬಿಲ್ಲನ್ನು ನಾನು ಬೇಕೆಂದೇ ಹೇಳಿದೆ. ಅಗತ್ಯಗಳ ಸಿದ್ಧಾಂತವನ್ನು ಓದಿದವರು ಎಲ್ಲ ಜಗಳದ ಅಡಿಯಲ್ಲಿಯೂ ಮಾನ ಅವಮಾನದ ಕಥೆಯೊಂದನ್ನು ಹುಡುಕತೊಡಗುತ್ತಾರೆ. ಮಲ್ಪೆಯಲ್ಲಿ ನಾಡದೋಣಿಯವರಿಗೂ ಬೆಳಕು ಹಾಯಿಸಿ ಮೀನು ಹಿಡಿಯುವ ದೊಡ್ಡ ಬೋಟಿನವರಿಗೂ ನಡುವಿನ ತಿಕ್ಕಾಟದಲ್ಲಿ ಮಾನದ ಅಂಶ ಇಲ್ಲವೆನ್ನುವಂತಿಲ್ಲ, ಆದರೆ ತಳದಲ್ಲಿರುವುದು ಮೀನು. ಒಬ್ಬರು ರಾತ್ರಿಯೆಲ್ಲ ಬೆಳಕು ಬಿಟ್ಟು ಬಾಚಿದರೆ ಇನ್ನೊಬ್ಬರಿಗೆ ಬೆಳಗ್ಗೆ ಬಲೆಯಲ್ಲಿ ಬೀಳುವುದು ಕಡಿಮೆ. ಎಷ್ಟು ಮರ್ಯಾದೆಯಿಂದ ಮಾತಾಡಿದರೂ ಆ ಲೆಕ್ಕ ಬದಲಾಗುವುದಿಲ್ಲ. ಅಲ್ಲಿ ಬೇಕಾದದ್ದು ನಿಯಮ ಮತ್ತು ಅದರ ಜಾರಿ: ಬೆಳಕು ಮೀನುಗಾರಿಕೆಗೆ ಕೇಂದ್ರ ಸರಕಾರ 2017ರಲ್ಲಿ ವಿಧಿಸಿದ ನಿಷೇಧ, ಜೂನ್ 1ರಿಂದ ಜುಲೈ 31ರವರೆಗಿನ 61 ದಿನಗಳ ರಜೆ ಇಂಥವು. ಅಗತ್ಯಕ್ಕೆ ಮಿತಿಯಿಲ್ಲದಿದ್ದರೂ ಅದನ್ನು ಈಡೇರಿಸುವ ವಸ್ತುವಿಗೆ ಮಿತಿಯಿರುತ್ತದೆ ಎಂಬುದನ್ನು ಬರ್ಟನ್ ತಕ್ಕಷ್ಟು ಒತ್ತಿ ಹೇಳಲಿಲ್ಲವೆಂದು ನನ್ನ ತಕರಾರು. ಕೆವಿನ್ ಅವ್ರುಚ್, ಪೀಟರ್ ಬ್ಲ್ಯಾಕ್ ಎಂಬ ಮಾನವಶಾಸ್ತ್ರಜ್ಞರ ಆಕ್ಷೇಪ ಬೇರೆ: ಎಲ್ಲರಿಗೂ ಒಂದೇ ಅಗತ್ಯವೆಂದು ಹೊರಟರೆ ಸಂಸ್ಕೃತಿ ಮರೆಯಾಗುತ್ತದೆ ಎಂದು. ಆ ಮಾತು ಒಪ್ಪುವಂಥದ್ದೇ. ಮನ್ನಣೆ ಎಲ್ಲರಿಗೂ ಬೇಕು, ಆದರೆ ಅದು ಬೂಳ್ಯದ ರೂಪದಲ್ಲಿ ಬರುತ್ತದೆ ಎಂದು ತಿಳಿಯಲು ತುಳುನಾಡನ್ನೇ ತಿಳಿದಿರಬೇಕು. ಇನ್ನು, ಒಬ್ಬರು ಬಲಾಢ್ಯರಾಗಿ ಇನ್ನೊಬ್ಬರು ಅವರ ಹಂಗಿನಲ್ಲಿರುವ ಕಡೆ ಅಗತ್ಯಗಳ ಮಾತು ಬಲಾಢ್ಯರಿಗೆ ಮುಸುಕಾಗಿಬಿಡುವುದುಂಟು. ಹೊಡೆತ ತಿನ್ನುತ್ತಿರುವ ಹೆಂಗಸಿಗೆ ಗಂಡನ ಅಗತ್ಯಗಳನ್ನು ಅರ್ಥಮಾಡಿಕೊ ಎಂದು ಹೇಳುವ ಪಂಚಾತಿಕೆಗಳನ್ನು ನಾನು ಕಂಡಿದ್ದೇನೆ. ಅಲ್ಲಿ ಮೊದಲು ರಕ್ಷಣೆ, ಕಾನೂನು. ನಿಮ್ಮದು ಅಂಥ ಪ್ರಕರಣವಲ್ಲ. ಇಬ್ಬರೂ ಸರಿಸುಮಾರು ಸಮಬಲರು, ಹಣದಲ್ಲಿ ನೀವು ಒಂದು ಕೈ ಮೇಲು, ಜಾಗದಲ್ಲಿ ಅವರು.

ನಿಮ್ಮ ಅಗತ್ಯವನ್ನೂ ನೀವು ಕೇಳಿಕೊಳ್ಳಬೇಕು. ಮುಂಬೈಯಲ್ಲಿ ಮನೆಯಿರುವವರು, ಮಕ್ಕಳೂ ಬಹುಶಃ ಅಲ್ಲಿಯೇ ಇರುವವರು, ಈ ವಯಸ್ಸಿನಲ್ಲಿ ಗುಡ್ಡೆಯಲ್ಲಿ ಮನೆ ಕಟ್ಟುವುದು ಇರುವುದಕ್ಕೆ ಸೂರಿಲ್ಲದೆ ಅಲ್ಲ. ಊರಿನಲ್ಲಿ ತನ್ನದೆಂಬ ಒಂದು ಬಾಗಿಲು ಬೇಕು, 'ಬೊಂಬಾಯಿಯವರು' ಎಂದು ಕರೆಸಿಕೊಳ್ಳುವುದು ಸಾಕಾಗಿದೆ, ನಾಗಬನದಲ್ಲಿ ತನಗೂ ಒಂದು ಜಾಗವಿದೆ ಎಂದು ತೋರಿಸಬೇಕು. ಇದು ಗುರುತಿನ ಅಗತ್ಯ, ಸಂಕೋಚಪಡಬೇಕಾದದ್ದಲ್ಲ. ಆದರೆ ಇದನ್ನು ಅಣ್ಣನಿಗೆ ನೀವು ಒಮ್ಮೆಯೂ ಹೇಳಿಲ್ಲ. ಹೇಳಿದ್ದು ಲಾರಿಯ ಅಗಲವನ್ನು.

ಇನ್ನು ಮಾಡಬೇಕಾದ್ದು. ಬರ್ಟನ್ ಮತ್ತು ಸಂಗಡಿಗರು 1965ರ ಕೊನೆಯಲ್ಲಿ ಇಂಡೋನೇಷ್ಯಾ, ಮಲೇಷ್ಯಾ, ಸಿಂಗಾಪುರಗಳ ಕಡೆಯವರನ್ನು ಲಂಡನ್ನಿನಲ್ಲಿ ಸದ್ದಿಲ್ಲದೆ ಕೂರಿಸಿದಾಗ ಒಂದು ಕಟ್ಟಳೆ ಇಟ್ಟುಕೊಂಡಿದ್ದರು: ಅಲ್ಲಿ ಚೌಕಾಶಿಯಿಲ್ಲ, ಒಪ್ಪಂದಕ್ಕೆ ಸಹಿಯಿಲ್ಲ, ಪರಸ್ಪರ ಏನನ್ನು ಕಂಡು ಹೆದರುತ್ತಿದ್ದೇವೆ ಎಂಬುದನ್ನು ಬಿಡಿಸಿ ನೋಡುವುದಷ್ಟೇ. ಆ ವಿಧಾನವನ್ನು ಮುಂದೆ ಹಾರ್ವರ್ಡಿನ ಹರ್ಬರ್ಟ್ ಕೆಲ್ಮನ್ ಇಸ್ರೇಲಿಗಳ ಮತ್ತು ಪ್ಯಾಲೆಸ್ತೀನೀಯರ ನಡುವೆ ದಶಕಗಳ ಕಾಲ ಬೆಳೆಸಿದರು. ನಿಮಗೆ ಲಂಡನ್ ಬೇಡ, ಅಣ್ಣನ ಜಗಲಿ ಸಾಕು, ಆದರೆ ಕಟ್ಟಳೆ ಅದೇ ಇರಲಿ. ಅಕ್ಕ ಪಾಲನ್ನು ಹಣವಾಗಿ ಪಡೆದವರಾದ್ದರಿಂದ ಜಾಗದಲ್ಲಿ ಅವರಿಗೆ ಸ್ವಾರ್ಥವಿಲ್ಲ. ಮೊದಲ ಮಾತು ಅವರ ಮೂಲಕ ಹೋಗಲಿ, ಅವರೂ ಜೊತೆಗೆ ಬರಲಿ. ಅಂದು ದಾರಿಯ ವಿಷಯ ಎತ್ತಬೇಡಿ. ಬನದ ಕೆಲಸಕ್ಕೆ ಮೊದಲು ಕೇಳದೆ ಹೋದದ್ದು ತಪ್ಪಾಯಿತು ಎಂದು ಹೇಳಿ, ಅದು ತಪ್ಪೆಂದು ನಿಮಗೆ ನಿಜವಾಗಿ ಅನ್ನಿಸಿದ್ದರೆ ಮಾತ್ರ. ಮರ್ಯಾದೆಯನ್ನು ದಾರಿಯ ಮುಂಗಡವಾಗಿ ಕೊಟ್ಟರೆ ಅಣ್ಣನಿಗೆ ಅದು ಮೊದಲ ಮಾತಿನಲ್ಲೇ ಗೊತ್ತಾಗುತ್ತದೆ, ಆಮೇಲೆ ನನ್ನಂಥವರು ಹತ್ತು ಮಂದಿ ಬಂದರೂ ಅದನ್ನು ಸರಿಮಾಡಲಾರೆವು.

ದಾರಿಯ ಮಾತು ಬಂದ ದಿನ, ಕ್ರಯದ ಪ್ರಸ್ತಾಪವನ್ನು ಹಿಂತೆಗೆದುಕೊಳ್ಳಿ ಎಂದು ನನ್ನ ಸಲಹೆ. ಜಾಗ ಅಣ್ಣನ ಹೆಸರಿನಲ್ಲೇ, ಪಹಣಿಯೂ ಅವರದ್ದೇ ಇರಲಿ. ನಿಮಗೆ ಬೇಕಾದದ್ದು ಹೋಗಿಬರುವ ಹಕ್ಕು. ಅದನ್ನು ಅವರು ನೋಂದಾಯಿತ ಪತ್ರದ ಮೂಲಕ ನಿಮಗೆ ಬರೆದುಕೊಡಬಹುದು. ಕಾನೂನಿನ ಬಲದಲ್ಲಿ ನಿಮಗೆ ನಷ್ಟವಿಲ್ಲ, ಅರ್ಥದಲ್ಲಿ ಮಾತ್ರ ಅಜಗಜಾಂತರ: ಮಾರಿದವರು ಸಾಲಕ್ಕೆ ಸೋತು ಮಾರಿದರು ಎಂದು ಊರು ಹೇಳುತ್ತದೆ, ದಾರಿ ಬಿಟ್ಟುಕೊಟ್ಟವರನ್ನು ಹಿರಿಯರು ಎನ್ನುತ್ತದೆ. ಅವರ ಭಯಕ್ಕೆ ಉತ್ತರವನ್ನೂ ಅದೇ ಪತ್ರದಲ್ಲಿ ಬರೆಯಬಹುದು: ದಾರಿ ಒಂದು ವಾಸದ ಮನೆಗೆ ಮಾತ್ರ, ಲೇಔಟಿಗೆ ಅಲ್ಲ, ನೀವು ಜಾಗ ಮಾರುವುದಾದರೆ ಮೊದಲು ಅಣ್ಣನನ್ನೋ ಅವರ ಮಕ್ಕಳನ್ನೋ ಕೇಳಬೇಕು, ತಡಮೆಯ ಜಾಗದಲ್ಲಿ ಗೇಟು ಬೇಕಿದ್ದರೆ ಅದನ್ನು ಎಲ್ಲಿ ಇಡುವುದೆಂದು ಅವರೇ ಹೇಳಲಿ. ದಾರಿ ತುಳಸಿಕಟ್ಟೆಯಿಂದ ನಾಲ್ಕು ಅಡಿ ಆಚೆಗೆ ಬಾಗಿ ಹೋಗುವುದಾದರೆ, ಆ ಬಾಗನ್ನು ಗುರುತು ಹಾಕುವವರು ಸರ್ವೆಯವರಲ್ಲ, ಅಣ್ಣ. ಸೊಸೈಟಿ ಸಾಲದ ಮಾತನ್ನು ನೀವಾಗಿ ಎಂದೂ ಎತ್ತಬೇಡಿ.

ಕೋರ್ಟಿನಲ್ಲಿರುವ ವ್ಯಾಜ್ಯದ ಬಗ್ಗೆ ಒಂದು ಮಾತು. ಪಾಲಾದ ಜಾಗಕ್ಕೆ ಅನಿವಾರ್ಯವಾದ ದಾರಿಯ ಹಕ್ಕನ್ನು 1882ರ ಈಸ್‌ಮೆಂಟ್ ಕಾಯಿದೆಯ 13ನೇ ಕಲಂ ಕೊಡುತ್ತದೆ, ಆದರೆ ಅನಿವಾರ್ಯ ಬೇರೆ, ಅನುಕೂಲ ಬೇರೆ. ಕಾಲುದಾರಿ ಇರುವಾಗ ಲಾರಿಯ ದಾರಿ ಅನಿವಾರ್ಯವೆಂದು ಸಾಧಿಸುವುದು ಕಷ್ಟ. ಬಳಕೆಯಿಂದ ಬರುವ ಹಕ್ಕಿಗೆ 15ನೇ ಕಲಮಿನ ಪ್ರಕಾರ 20 ವರ್ಷ ಬೇಕು, ನಿಮಗೆ ಪಾಲಾಗಿ 15 ವರ್ಷ. ಹೀಗಾಗಿ ಗೆದ್ದರೂ ನಿಮಗೆ ಸಿಗುವುದು ಈಗ ಇರುವ ಕಾಲುದಾರಿಯೇ ಆಗಿರಬಹುದು. ಸಿವಿಲ್ ಪ್ರಕ್ರಿಯಾ ಸಂಹಿತೆಯ 89ನೇ ಕಲಮಿನ ಕೆಳಗೆ ಪ್ರಕರಣವನ್ನು ಮಧ್ಯಸ್ಥಿಕೆಗೆ ಕಳುಹಿಸಿಕೊಡುವಂತೆ ನಿಮ್ಮ ವಕೀಲರೇ ಕೇಳಬಹುದು. ಅಲ್ಲಿ ಆಡಿದ ಮಾತು ಮುಂದೆ ಸಾಕ್ಷ್ಯವಾಗಿ ಬರುವುದಿಲ್ಲ. ನೀವಿಬ್ಬರೂ ಮೊದಲೇ ಒಪ್ಪಿಕೊಂಡು ಬಂದರೆ ಲೋಕ ಅದಾಲತ್‌ನಲ್ಲಿ ದಾಖಲಿಸಬಹುದು. ಅದಕ್ಕೆ ಡಿಕ್ರಿಯ ಬಲವಿದೆ, ಮೇಲ್ಮನವಿಯಿಲ್ಲ, ಕಟ್ಟಿದ ಕೋರ್ಟ್ ಶುಲ್ಕವೂ ವಾಪಸು ಬರುತ್ತದೆ.

ಪಾಲುಪಟ್ಟಿಯ ಪ್ರತಿ, ಸರ್ವೆ ನಕ್ಷೆ, ತಾಯಿಯ ಕಾಲದ ಹಳೆಯ ಪಹಣಿ ಎಲ್ಲವನ್ನೂ ಒಂದು ಫೈಲಿನಲ್ಲಿ ಜೋಡಿಸಿ ವಕೀಲರ ಬಳಿ ಇಡಿ. ಅಕ್ಕನ ಜೊತೆ ಅಣ್ಣನ ಮನೆಗೆ ಹೋಗುವ ದಿನ ಆ ಫೈಲು ಕಾರಿನಲ್ಲಿಯೂ ಇರಬಾರದು. ಮಧ್ಯಾಹ್ನದ ಹೊತ್ತಿಗೆ ಹೋಗಿ, ಊಟಕ್ಕೆ ಏಳಿ ಎಂದರೆ ಕುಳಿತು ಊಟ ಮಾಡಿ ಬನ್ನಿ.